ಕಂಡಿಕೆ ಸುತ್ತುವವರ ಹೆಸರು

ಮೊಳಕಾಲ್ಮುರಿನ ಹಳೆಯ ನೇಕಾರರ ಮನೆಗಳಲ್ಲಿ ಮಗ್ಗಕ್ಕೆಂದು ಬೇರೆ ಕೋಣೆ ಇರಲಿಲ್ಲ. ನಡುಮನೆಯ ನೆಲದಲ್ಲಿ ಗುಂಡಿ ತೋಡಿ, ಅದರೊಳಗೆ ಕಾಲು ಇಳಿಬಿಟ್ಟು ಕೂತು ನೇಯುವ ಗುಂಡಿಮಗ್ಗ. ಮಗ್ಗ ಹಿಡಿದು ಉಳಿದ ಜಾಗದಲ್ಲೇ ಊಟ, ಹಾಸಿಗೆ, ಬಾಣಂತನ, ಮಕ್ಕಳ ಓದು. ಹೆಣ್ಣು ನೋಡಲು ಬಂದ ನೆಂಟರಿಗೂ ಚಾಪೆ ಹಾಸುತ್ತಿದ್ದುದು ಮಗ್ಗದ ಪಕ್ಕದಲ್ಲೇ. ಮಳೆ ಅಪರೂಪವಾದ, ಬಿಸಿಗಾಳಿಯ ಸೀಮೆ ಇದು. ಗುಂಡಿಯ ತಂಪಿಗೆ ರೇಷ್ಮೆ ಎಳೆ ಒಣಗಿ ತುಂಡಾಗುವುದು ಕಡಿಮೆ ಎಂಬ ಅನುಭವ ಆ ಮನೆಗಳಿಗಿತ್ತು.

ಸೀರೆಯ ಒಡಲು ಒಂದು ಬಣ್ಣ, ಅಂಚು ಇನ್ನೊಂದು ಬಣ್ಣ ಇರಬೇಕಾದರೆ ಮೂರು ಲಾಳಿ ಓಡಬೇಕು. ಒಡಲಿಗೊಂದು, ಎರಡು ಅಂಚಿಗೆ ಎರಡು. ಒಬ್ಬರ ಎರಡು ಕೈಗೆ ಅದು ಸಲೀಸಲ್ಲ. ಹಾಗಾಗಿ ನೇಯುವವನ ಪಕ್ಕದಲ್ಲಿ ಒಂದು ಮಗು ಕೂತು ಅಂಚಿನ ಲಾಳಿ ಎಸೆಯುತ್ತಿತ್ತು, ಶಾಲೆ ಬಿಟ್ಟ ಮೇಲೆ ಅಥವಾ ಶಾಲೆಯನ್ನೇ ಬಿಟ್ಟು. ಹೆಂಡತಿ ರಾಟೆಯ ಮುಂದೆ ಕೂತು, ಲಾಳಿಯೊಳಗೆ ಕೂರುವ ನೂಲಿನ ಕಂಡಿಕೆ ಸುತ್ತುತ್ತಿದ್ದಳು. ಕಣ್ಣು ಮಂಜಾದ ಅಜ್ಜಿ ಬರೀ ಬೆರಳಿನ ಅಂದಾಜಿನಲ್ಲಿ ಸಿಕ್ಕು ಬಿಡಿಸುತ್ತಿದ್ದಳು. ಉದ್ದೆಳೆಗಳ ಹಾಸು ಹೂಡುವ ದಿನ ಓಣಿಯವರೂ ಕೈಜೋಡಿಸಬೇಕಿತ್ತು. ಸೀರೆ ಮುಗಿದ ಮೇಲೆ ಅದನ್ನು ಮಡಿಸಿಕೊಂಡು ಸಾಹುಕಾರರ ಅಂಗಡಿಗೆ ಹೋಗುತ್ತಿದ್ದವನು ಮಾತ್ರ ಮನೆಯ ಯಜಮಾನ ಒಬ್ಬನೇ. ರೇಷ್ಮೆ, ಜರಿ ಕೊಟ್ಟವರು ಸಾಹುಕಾರರು. ಅವರ ಪುಸ್ತಕದಲ್ಲಿದ್ದ ಹೆಸರೂ ಅವನದೊಂದೇ. ಕೂಲಿ, ಮುಂಗಡ, ಕಡಿತ ಎಲ್ಲವೂ ಆ ಹೆಸರಿನ ಕೆಳಗೆ.

ನಾನು ಹುಟ್ಟಿದ್ದು ಇಂಥ ಮನೆಯಲ್ಲಿ, ಮದುವೆಯಾಗಿ ಬಂದದ್ದು ಚಳ್ಳಕೆರೆಗೆ. ರೇಷ್ಮೆಯ ಊರು ಮತ್ತು ಎಣ್ಣೆಯ ಊರು ಎರಡರಲ್ಲೂ ಸಂಸಾರಗಳು ಹೇಗೆ ಕಟ್ಟಿಕೊಂಡವು, ಹೇಗೆ ಚೆದುರಿದವು ಎಂಬುದನ್ನು ಹತ್ತಿರದಿಂದ ಕಂಡು ತಿಳಿದದ್ದು ಈ ಬರಹದಲ್ಲಿದೆ. ಯಂತ್ರ ಬಂದಿತು, ಕಸುಬು ಹೋಯಿತು ಎಂಬಲ್ಲಿಗೆ ನಮ್ಮ ಕಡೆಯ ಕಥೆಯನ್ನು ಮುಗಿಸಿಬಿಡುವುದು ಸುಲಭ. ಒಳಗೆ ನಡೆದದ್ದು ಅದಕ್ಕಿಂತ ಹೆಚ್ಚು.

ಮೊದಲು ಮೊಳಕಾಲ್ಮುರು. ವಿದ್ಯುತ್ ಮಗ್ಗದ ಹೊಡೆತದಿಂದ ಕೈಮಗ್ಗವನ್ನು ಉಳಿಸಲು ಕೇಂದ್ರ ಸರ್ಕಾರ 1985ರಲ್ಲಿ ಮೀಸಲು ಕಾಯ್ದೆ ತಂದಿತು. ಕೆಲವು ಬಗೆಯ ಬಟ್ಟೆಗಳನ್ನು ಕೈಮಗ್ಗದಲ್ಲಿ ಮಾತ್ರ ನೇಯಬೇಕು ಎಂಬುದು ಅದರ ತಿರುಳು. ವಿದ್ಯುತ್ ಮಗ್ಗದವರು ನ್ಯಾಯಾಲಯಕ್ಕೆ ಹೋದರು. 1993ರಲ್ಲಿ ಸುಪ್ರೀಂ ಕೋರ್ಟ್ ಕಾಯ್ದೆಯನ್ನು ಎತ್ತಿಹಿಡಿಯಿತು. ಆದರೆ ಮೊದಲಿಗೆ 22 ಬಗೆಗಳಿದ್ದ ಪಟ್ಟಿ ಬರಬರುತ್ತ 11ಕ್ಕೆ ಇಳಿಯಿತು. ಮುಂದೆ ಮೊಳಕಾಲ್ಮುರು ಸೀರೆಗೆ ಭೌಗೋಳಿಕ ಗುರುತಿನ ಮಾನ್ಯತೆಯೂ ಸಿಕ್ಕಿತು. ಇಷ್ಟಾದರೂ ಅದೇ ನವಿಲಿನ ಚಿತ್ತಾರದ, ಅದೇ ಅಂಚಿನ ಸೀರೆ ವಿದ್ಯುತ್ ಮಗ್ಗದಲ್ಲಿ ತಯಾರಾಗಿ ಅರ್ಧ ಬೆಲೆಗೆ ಅಂಗಡಿಯಲ್ಲಿ ತೂಗಾಡುವುದು ನಿಲ್ಲಲಿಲ್ಲ. ಕೊಳ್ಳುವವರಿಗೆ ವ್ಯತ್ಯಾಸ ಗೊತ್ತಾಗದು. ಗೊತ್ತಾಗಬೇಕಾದರೆ ಸೀರೆಯ ಹಿಂಬದಿ ತಿರುಗಿಸಿ ಅಂಚು ಒಡಲಿಗೆ ಕೂಡಿಕೊಂಡ ಜಾಗವನ್ನು ನೋಡಬೇಕು. ಮದುವೆ ಜವಳಿಯ ಗಡಿಬಿಡಿಯಲ್ಲಿ ಹಾಗೆ ನೋಡುವವರು ಎಷ್ಟು ಜನ?

ಈ ಕಾಯ್ದೆ, ಮಾನ್ಯತೆಗಳ ಬೆಲೆಯನ್ನು ನಾನು ಕಡೆಗಣಿಸುವುದಿಲ್ಲ, ಅವಿಲ್ಲದಿದ್ದರೆ ಇಷ್ಟೂ ಉಳಿಯುತ್ತಿರಲಿಲ್ಲ. ಆದರೆ ಅವು ಕಾಯುವುದು ಸೀರೆಯನ್ನು, ಮಗ್ಗವನ್ನು. ಮನೆಯನ್ನು ಕಾಯುವ ಕಾಯ್ದೆ ಯಾವುದೂ ಇರಲಿಲ್ಲ. ಒಂದು ಸೀರೆಗೆ ನಾಲ್ಕು ಜನರ ದುಡಿಮೆ, ಕೂಲಿ ಮಾತ್ರ ಒಂದು. ಆ ಕೂಲಿಯನ್ನು ನಾಲ್ಕು ಪಾಲು ಮಾಡಿ ನೋಡಿದ್ದರೆ ನೇಕಾರಿಕೆ ಯಾವತ್ತೋ ನಷ್ಟದ ಬಾಬತ್ತೆಂದು ತಿಳಿಯುತ್ತಿತ್ತು. ಯಾರೂ ಪಾಲು ಮಾಡಿ ನೋಡಲಿಲ್ಲ, ಏಕೆಂದರೆ ಹೆಂಗಸರ, ಮಕ್ಕಳ ಕೆಲಸ ಕೆಲಸವೇ ಅಲ್ಲ ಎಂದು ಎಲ್ಲರೂ ಒಪ್ಪಿಕೊಂಡಿದ್ದರು. ಗಣತಿಗೆ ಬಂದ ಮೇಷ್ಟರು ಕೇಳಿದಾಗ ನನ್ನ ಅಮ್ಮ ರಾಟೆ ತಿರುಗಿಸುತ್ತಲೇ ಹೇಳಿದ್ದು ನನಗಿನ್ನೂ ನೆನಪಿದೆ: “ನಾನೇನ್ ಕೆಲ್ಸ ಮಾಡ್ತೀನಿ ಮೇಷ್ಟ್ರೇ, ಮನೇಲೇ ಇರ್ತೀನಿ.” ಅವರೂ ಹಾಗೆಯೇ ಬರೆದುಕೊಂಡು ಹೋದರು.

ಮಕ್ಕಳು ಶಾಲೆಗೆ ಹೋಗತೊಡಗಿದಾಗ ಮಗ್ಗದ ಪಕ್ಕದ ಜಾಗ ಖಾಲಿಯಾಯಿತು. ಇದನ್ನು ನಾನು ನಷ್ಟ ಎನ್ನಲಾರೆ. ಎಂಟು ವರ್ಷದ ಕೂಸು ದಿನಕ್ಕೆ ಸಾವಿರ ಸಲ ಲಾಳಿ ಎಸೆಯುವುದು ಪರಂಪರೆಯ ಹೆಸರಿನಲ್ಲಿ ನಡೆದರೂ ಅದು ಕೂಸಿನ ಮೇಲಿನ ಹೊರೆಯೇ. ಆದರೆ ಆ ಜಾಗಕ್ಕೆ ಕೂಲಿ ಕೊಟ್ಟು ಇನ್ನೊಬ್ಬರನ್ನು ಕೂರಿಸಿದರೆ ನೇಯುವವನಿಗೆ ಉಳಿಯುವುದೇನು? ಈ ಲೆಕ್ಕ ಎದುರಾದಾಗ ಓದಿದ ಹುಡುಗರು ಬೆಂಗಳೂರಿನ ಬಸ್ ಹತ್ತಿದರು. ಉಳಿದವರಿಗೆ ಹೆಣ್ಣು ಸಿಗುವುದು ಕಷ್ಟವಾಯಿತು. ನೇಕಾರರ ಮನೆಯಲ್ಲೇ ಬೆಳೆದ ಹೆಣ್ಣುಮಕ್ಕಳು ನೇಕಾರರ ಮನೆಗೆ ಸೊಸೆಯಾಗಿ ಹೋಗಲು ಒಪ್ಪುತ್ತಿರಲಿಲ್ಲ, ರಾಟೆಯ ಮುಂದೆ ಕೂತ ತಾಯಿಯ ಬೆನ್ನನ್ನು ಅವರು ನೋಡಿದ್ದರು.

ಚಳ್ಳಕೆರೆಯ ಕಥೆ ಬೇರೆ ದಾರಿಯದು. ಶೇಂಗಾ ಎಣ್ಣೆಯ ಮಿಲ್ಲುಗಳಿಂದಾಗಿ ಈ ಊರನ್ನು ಎರಡನೇ ಮುಂಬೈ ಎಂದು ಕರೆಯುತ್ತಿದ್ದರು. ಸುಗ್ಗಿಯಲ್ಲಿ ಮಂಡಿಯ ಮುಂದೆ ಗಾಡಿಗಳ ಸಾಲು, ಗಾಳಿಯಲ್ಲಿ ಹಿಂಡಿಯ ವಾಸನೆ. ನನ್ನ ಮಾವನವರು ಒಂದು ಮಿಲ್ಲಿನಲ್ಲಿ ಗುಮಾಸ್ತರು. ಸುತ್ತಲಿನ ಹಳ್ಳಿಗಳಲ್ಲಿ ಬಿತ್ತನೆಗೆ ಮುಂಚೆ ಬೀಜ ಬಿಡಿಸುವುದು ಹೆಂಗಸರ ಕೆಲಸ. ಜಗುಲಿಯ ಮೇಲೆ ಕಾಯಿ ಸುರಿದುಕೊಂಡು ಓಣಿಯ ಹೆಂಗಸರೆಲ್ಲ ಸುತ್ತ ಕೂತರೆ, ಆ ವರ್ಷದ ಮದುವೆ, ಜಗಳ, ಸಾಲ, ಕಾಯಿಲೆ ಎಲ್ಲವೂ ಅಲ್ಲೇ ತೀರ್ಮಾನವಾಗುತ್ತಿತ್ತು. ಕಾಯಿ ಒಡೆಯುವ ಯಂತ್ರ ಬಂದಾಗ ಬೆರಳುಗಳಿಗೆ ಸುಖವಾಯಿತು. ಓಣಿಯ ಆ ಕೂಟ ಮಾತ್ರ ಮತ್ತೆ ಸೇರಲಿಲ್ಲ.

ಎಣ್ಣೆಗೆ ಪೆಟ್ಟು ಬಿದ್ದದ್ದು ದೂರದಿಂದ. ಎಣ್ಣೆಕಾಳಿನಲ್ಲಿ ಸ್ವಾವಲಂಬನೆ ಬೇಕೆಂದು 1986ರಲ್ಲಿ ಕೇಂದ್ರ ಸರ್ಕಾರ ತಂತ್ರಜ್ಞಾನ ಮಿಷನ್ ಶುರು ಮಾಡಿತ್ತು, ಬೆಳೆಯೂ ಏರಿತ್ತು. 1994ರಲ್ಲಿ ತಾಳೆ ಎಣ್ಣೆಯ ಆಮದು ಮುಕ್ತವಾಯಿತು. ಆಗ ಶೇ 65ರಷ್ಟಿದ್ದ ಸುಂಕ 1998ರ ಹೊತ್ತಿಗೆ ಶೇ 15ಕ್ಕೆ ಇಳಿಯಿತು. ಮಲೇಷ್ಯಾ, ಇಂಡೊನೇಷ್ಯಾದ ಎಣ್ಣೆ ಪೊಟ್ಟಣವಾಗಿ ಶೇಂಗಾ ಬೆಳೆಯುವವರ ಅಡುಗೆಮನೆಗೇ ಬಂದು ಕೂತಿತು. ಜೊತೆಗೆ ಮೇಲಿಂದ ಮೇಲೆ ಬರ. ಮಿಲ್ಲುಗಳು ಒಂದೊಂದಾಗಿ ಬಾಗಿಲು ಹಾಕಿದವು. ಮಾವನವರ ಸಂಬಳ ನಿಂತಿತು. ಅತ್ತೆ ಹೊಲಿಗೆ ಯಂತ್ರ ಕೊಂಡರು. ಆ ಮನೆಯಲ್ಲಿ ಹೆಂಗಸೊಬ್ಬಳ ಕೈಗೆ ನೇರವಾಗಿ ದುಡ್ಡು ಬಂದದ್ದು ಅದೇ ಮೊದಲು. ಗಂಡಸರ ಕೆಲಸ ಹೋದಾಗ ಸಂಸಾರವನ್ನು ಹಿಡಿದು ನಿಲ್ಲಿಸಿದ ಹೊಲಿಗೆ, ಹಪ್ಪಳ, ಚಟ್ನಿಪುಡಿಗಳ ಲೆಕ್ಕ ಯಾವ ಕೈಗಾರಿಕಾ ವರದಿಯಲ್ಲೂ ಸಿಗುವುದಿಲ್ಲ.

ನಮ್ಮ ಕಡೆಯ ಕಂಬಳಿ ನೇಯುವವರ ಮನೆಗಳಲ್ಲೂ ಹೀಗೇ. ಉಣ್ಣೆ ಹಿಂಜುವುದು, ನೂಲು ತೆಗೆಯುವುದು ಹೆಂಗಸರು. ಹುಣಸೆಬೀಜದ ಗಂಜಿ ಹಚ್ಚಿ ನೇಯುವುದು ಗಂಡಸರು. ಪಾಣಿಪತ್ತಿನಿಂದ ಅಗ್ಗದ ಹೊದಿಕೆ ಬಂದ ಮೇಲೆ ಕರಿಕಂಬಳಿ ದೇವರ ಗದ್ದುಗೆಗೆ, ಮದುವೆಗೆ ಬೇಕಾದ ವಸ್ತುವಾಗಿ ಉಳಿಯಿತು, ದಿನದ ಹೊದಿಕೆಯಾಗಿ ಹಿಂದೆ ಸರಿಯಿತು. ಕುರಿ ಸಾಕುವವರು ಉಣ್ಣೆಗಿಂತ ಮಾಂಸಕ್ಕೆ ಒದಗುವ ತಳಿಗಳತ್ತ ವಾಲಿದರು. ಕುರಿಗೆ ಬೆಲೆ ಬಂದಿತು, ನೂಲುವ ಅಜ್ಜಿಯರ ಕೈ ಬರಿದಾಯಿತು.

ಆಮೇಲೆ ಕಾವಲು. ಮೈಸೂರು ಅರಸರ ಕಾಲದಿಂದ ಅಮೃತ ಮಹಲ್ ದನಗಳಿಗೆ ಬಿಟ್ಟಿದ್ದ ಹುಲ್ಲುಗಾವಲು ಚಳ್ಳಕೆರೆ ಸೀಮೆಯ ಕುರಿ, ದನಗಳಿಗೆ ಆಸರೆಯಾಗಿತ್ತು. ಕುದಾಪುರ, ದೊಡ್ಡ ಉಳ್ಳಾರ್ತಿ, ವರವು ಕಾವಲುಗಳಲ್ಲಿ ರಕ್ಷಣಾ ಸಂಶೋಧನಾ ಸಂಸ್ಥೆ ಡಿಆರ್‌ಡಿಒಗೆ 4,290 ಎಕರೆ, ಭಾಭಾ ಅಣು ಸಂಶೋಧನಾ ಕೇಂದ್ರಕ್ಕೆ 1,810, ಭಾರತೀಯ ವಿಜ್ಞಾನ ಸಂಸ್ಥೆಗೆ 1,500, ಇಸ್ರೊಗೆ 573 ಎಕರೆ ಹಂಚಿಕೆಯಾಯಿತು. ಉದ್ದುದ್ದ ಗೋಡೆಗಳು ಎದ್ದವು, ವ್ಯಾಜ್ಯ ಚೆನ್ನೈನ ಹಸಿರು ನ್ಯಾಯಮಂಡಳಿಯವರೆಗೆ ಹೋಯಿತು. 2017ರಲ್ಲಿ ಡಿಆರ್‌ಡಿಒದ ವೈಮಾನಿಕ ಪರೀಕ್ಷಾ ವಲಯ ಉದ್ಘಾಟನೆಯಾಯಿತು. 2023ರ ಏಪ್ರಿಲ್ 2ರಂದು ಇಸ್ರೊದ ಮರುಬಳಕೆಯ ಉಡಾವಣಾ ವಾಹನ ಅಲ್ಲಿನ ಓಡುದಾರಿಯಲ್ಲಿ ತಾನಾಗಿಯೇ ಇಳಿಯಿತು. ಅದು ನಮ್ಮ ತಾಲ್ಲೂಕಿನ ಹೆಮ್ಮೆ, ನನ್ನದೂ ಹೌದು. ಕುದಾಪುರದ ವಿಜ್ಞಾನ ಸಂಸ್ಥೆಯ ಆವರಣದಲ್ಲಿ ಶಾಲಾ ಶಿಕ್ಷಕರಿಗೆ ತರಬೇತಿ ಸಿಗುತ್ತಿರುವುದೂ ದೊಡ್ಡ ಲಾಭ. ಹೆಮ್ಮೆಯ ಜೊತೆಗೇ ಕೇಳಬೇಕಾದ ಮಾತೊಂದಿದೆ. ಹುಲ್ಲು ಮನೆಬಾಗಿಲಲ್ಲಿ ಪುಕ್ಕಟೆ ಸಿಗುತ್ತಿದ್ದಾಗ ಅದನ್ನು ಯಾರೂ ಆದಾಯವೆಂದು ಬರೆದಿರಲಿಲ್ಲ. ಬರೆಯದೆ ಇದ್ದದ್ದನ್ನು ಕಳೆದುಕೊಂಡರೆ ಪರಿಹಾರ ಕೇಳುವುದಾದರೂ ಯಾವ ಲೆಕ್ಕದಲ್ಲಿ?

ಕಂಡಿಕೆ, ಕಾಯಿ ಬಿಡಿಸುವುದು, ನೂಲು, ಹುಲ್ಲು. ಲೆಕ್ಕಕ್ಕೆ ಬರದ ಕೆಲಸ, ಲೆಕ್ಕಕ್ಕೆ ಬರದ ಆಸ್ತಿ ಮೊದಲು ಹೋಗುತ್ತವೆ, ಹೋದದ್ದು ಗೊತ್ತಾಗುವುದು ತಡವಾಗಿ. ಎರಡು ಊರುಗಳ ಬಾಳು ನನಗೆ ಕಲಿಸಿದ್ದು ಇದನ್ನೇ.

ಈಚಿನ ವರ್ಷಗಳು ಇನ್ನೊಂದು ಬದಲಾವಣೆ ತಂದಿವೆ, ನನ್ನ ಮಟ್ಟಿಗೆ ಇದು ಭರವಸೆಯದು. 2020ರ ಲಾಕ್‌ಡೌನಿನಲ್ಲಿ ಅಂಗಡಿಗಳು ಮುಚ್ಚಿ ನೇಯ್ದ ಸೀರೆಗಳು ಪೆಟ್ಟಿಗೆಯಲ್ಲೇ ಉಳಿದಾಗ, ಕಾಲೇಜಿನಿಂದ ಮನೆಗೆ ಮರಳಿದ್ದ ಹೆಣ್ಣುಮಗಳೊಬ್ಬಳು ಸೀರೆಗಳನ್ನು ಬಾಗಿಲ ಬೆಳಕಿಗೆ ಹರವಿ ಫೋಟೊ ತೆಗೆದು ವಾಟ್ಸಾಪ್‌ನಲ್ಲಿ ಕಳಿಸತೊಡಗಿದಳು. ನಮ್ಮ ತವರಿನ ಓಣಿಯವಳು. ಬೆಂಗಳೂರಿನಿಂದ, ದಾವಣಗೆರೆಯಿಂದ ಆರ್ಡರ್ ಬಂದವು, ದುಡ್ಡು ಅವಳ ಖಾತೆಗೆ ಬಿದ್ದಿತು. ಅಲ್ಲಿಯವರೆಗೆ ಅವಳ ಅಪ್ಪನಿಗೆ ತನ್ನ ಸೀರೆ ಅಂಗಡಿಯಲ್ಲಿ ಎಷ್ಟಕ್ಕೆ ಮಾರಾಟವಾಗುತ್ತದೆಂಬುದೇ ಗೊತ್ತಿರಲಿಲ್ಲ. “ಅಷ್ಟಕ್ಕಾ?” ಎಂದು ಎರಡು ಸಲ ಕೇಳಿದರಂತೆ. ಎಲ್ಲ ಮನೆಯಲ್ಲೂ ಹೀಗಾಗಿಲ್ಲ. ಮುಂಗಡದ ಸಾಲ ಇರುವವರು ಸೀರೆಯನ್ನು ಬೇರೆ ಕಡೆ ಮಾರುವಂತಿಲ್ಲ, ರೇಷ್ಮೆ ಸಾಹುಕಾರರದಾದರೆ ಸೀರೆಯೂ ಅವರದೇ. ಸ್ವಂತ ರೇಷ್ಮೆ ಕೊಳ್ಳುವ ಬಂಡವಾಳ ಇದ್ದವರಿಗಷ್ಟೇ ಫೋನ್ ದಾರಿ ತೋರಿಸಿದೆ.

2023ರ ಜೂನ್ 11ರಿಂದ ಹೆಂಗಸರಿಗೆ ಸರ್ಕಾರಿ ಬಸ್ ಪ್ರಯಾಣ ಉಚಿತವಾಯಿತು, ಅದೇ ವರ್ಷದ ಆಗಸ್ಟ್ 30ರಿಂದ ಮನೆಯೊಡತಿಯ ಖಾತೆಗೆ ತಿಂಗಳಿಗೆ 2,000 ರೂಪಾಯಿ ಜಮೆಯಾಗುವ ಗೃಹಲಕ್ಷ್ಮಿ ಬಂತು. ದುಡ್ಡು ಸಣ್ಣದೆನ್ನುವವರು ಮೊಳಕಾಲ್ಮುರಿನ ಓಣಿಗಳಲ್ಲಿ ಕೇಳಿ ನೋಡಲಿ. ಜೀವಮಾನವಿಡೀ ಕಂಡಿಕೆ ಸುತ್ತಿದವರ ಹೆಸರಿನಲ್ಲಿ ದುಡ್ಡು ಬಂದದ್ದು ಇದೇ ಮೊದಲು. ಮಾತ್ರೆ ಕೊಳ್ಳಲು ಮಗನನ್ನು ಕೇಳಬೇಕಿಲ್ಲ ಎಂದರು ನಮ್ಮ ದೊಡ್ಡಮ್ಮ. ಆದರೆ ಇದು ಸರ್ಕಾರ ಕೊಡುವ ನೆರವು, ಅವರ ದುಡಿಮೆಗೆ ಸಂದ ಕೂಲಿಯಲ್ಲ. ಆ ಬಾಕಿ ಹಾಗೆಯೇ ಇದೆ.

2019–20ರ ಅಖಿಲ ಭಾರತ ಕೈಮಗ್ಗ ಗಣತಿ ದೇಶದಲ್ಲಿ 35.22 ಲಕ್ಷ ನೇಕಾರರು ಮತ್ತು ಪೂರಕ ಕೆಲಸಗಾರರನ್ನು ಎಣಿಸಿತು. ಅವರಲ್ಲಿ 25 ಲಕ್ಷಕ್ಕೂ ಹೆಚ್ಚು ಮಂದಿ ಹೆಂಗಸರು. ಪೂರಕ ಕೆಲಸಗಾರರು ಎಂದರೆ ಕಂಡಿಕೆ ಸುತ್ತುವವರು, ಹಾಸು ಹೂಡುವವರು, ಬಣ್ಣ ಹಾಕುವವರು. ಕೇಳುವವರು ಸರಿಯಾಗಿ ಕೇಳಿ, ಹೇಳುವವರು ಸಂಕೋಚ ಬಿಟ್ಟು ಹೇಳಿದರೆ ಎಣಿಕೆಗೆ ಸಿಗುತ್ತಾರೆ.

2027ರ ಜನಗಣತಿಯಲ್ಲೂ ಕಸುಬಿನ ಪ್ರಶ್ನೆ ಬರುತ್ತದೆ. ಮನೆಯ ಉದ್ಯಮದಲ್ಲಿ ಕೂಲಿಯಿಲ್ಲದೆ ದುಡಿಯುವುದನ್ನೂ ನಮ್ಮ ಜನಗಣತಿ ಕೆಲಸವೆಂದೇ ಎಣಿಸುತ್ತ ಬಂದಿದೆ. ಆದ್ದರಿಂದ ಗಣತಿಗೆ ಹೋಗುವ ಮೇಷ್ಟರಲ್ಲಿ, ಅಂಗನವಾಡಿ ಅಕ್ಕಂದಿರಲ್ಲಿ ನನ್ನದೊಂದು ಕೋರಿಕೆ: ಮಗ್ಗವಿರುವ ಮನೆಯಲ್ಲಿ, ಕುರಿಯಿರುವ ಮನೆಯಲ್ಲಿ ಯಜಮಾನನ ಉತ್ತರಕ್ಕೇ ಮುಗಿಸಬೇಡಿ. ಒಳಗಿರುವ ಹೆಂಗಸರನ್ನು ಕರೆದು, ಬೆಳಗಿನಿಂದ ಸಂಜೆಯವರೆಗೆ ಏನೇನು ಮಾಡುತ್ತೀರಿ ಎಂದು ಕೇಳಿ. ತಾಯಂದಿರೇ, ಅಕ್ಕಂದಿರೇ, ನೀವೂ ‘ಮನೇಲೇ ಇರ್ತೀನಿ’ ಎನ್ನಬೇಡಿ. ಕಂಡಿಕೆ ಸುತ್ತುತ್ತೇನೆ, ಉಣ್ಣೆ ನೂಲುತ್ತೇನೆ, ಕುರಿ ಮೇಯಿಸುತ್ತೇನೆ ಎಂದು ಹೇಳಿ, ಹೇಳಿದ್ದನ್ನು ಹಾಗೆಯೇ ಬರೆಸಿ.