ಅಂಗಡಿಯಿಂದ ಶಾಸನಸಭೆಗೆ

ಪ್ರಜಾಪ್ರಭುತ್ವದಲ್ಲಿ ಶಾಸನಗಳನ್ನು ರಚಿಸುವವರು ಬೇರೆ ಲೋಕದಿಂದ ಇಳಿದು ಬಂದವರಲ್ಲ. ಹೊಲ ಉಳುವವನಾಗಲಿ, ಪಾಠ ಹೇಳುವವನಾಗಲಿ, ಅಂಗಡಿ ಇಟ್ಟುಕೊಂಡವನಾಗಲಿ, ಜನರ ವಿಶ್ವಾಸವನ್ನು ಗಳಿಸಿದರೆ ಶಾಸನಸಭೆಯನ್ನು ಪ್ರವೇಶಿಸಬಹುದು. ಅಮೆರಿಕ ಸಂಯುಕ್ತ ಸಂಸ್ಥಾನದ ಹದಿನಾರನೆಯ ಅಧ್ಯಕ್ಷನಾದ ಅಬ್ರಹಾಂ ಲಿಂಕನ್ನನ ಹೆಸರನ್ನು ಕೇಳದವರು ವಿರಳ. ಆದರೆ ಅಧ್ಯಕ್ಷನಾಗುವುದಕ್ಕೆ ಬಹು ಹಿಂದೆ ಆತನು ಒಂದು ಸಣ್ಣ ಹಳ್ಳಿಯಲ್ಲಿ ಅಂಗಡಿ ನಡೆಸಿ ನಷ್ಟ ಹೊಂದಿದವನು. ಇಲಿನಾಯ್ ರಾಜ್ಯದ ಶಾಸಕನಾಗಿ ಎಂಟು ವರ್ಷ ದುಡಿದವನು. ಆತನ ಮುಂದಿನ ಹಿರಿಮೆಗೆ ಬುನಾದಿ ಬಿದ್ದುದು ಈ ವರ್ಷಗಳಲ್ಲಿಯೇ.

ಲಿಂಕನ್ನನು 1809ರ ಫೆಬ್ರವರಿ 12ರಂದು ಕೆಂಟಕಿ ರಾಜ್ಯದಲ್ಲಿ ಬಡ ರೈತನೊಬ್ಬನ ಮಗನಾಗಿ ಜನಿಸಿದನು. ಒಂಬತ್ತನೆಯ ವಯಸ್ಸಿನಲ್ಲಿ ತಾಯಿಯನ್ನು ಕಳೆದುಕೊಂಡನು. ಆತನು ಶಾಲೆಗೆ ಹೋದ ದಿನಗಳನ್ನೆಲ್ಲ ಕೂಡಿಸಿದರೂ ಒಂದು ವರ್ಷವಾಗದು. ಮರ ಕಡಿಯುತ್ತ, ಬೇಲಿ ಕಟ್ಟುತ್ತ, ಸಿಕ್ಕಿದ ಪುಸ್ತಕಗಳನ್ನು ಓದುತ್ತ ಬೆಳೆದನು. 1831ರಲ್ಲಿ, ಇಪ್ಪತ್ತೆರಡನೆಯ ವಯಸ್ಸಿನಲ್ಲಿ, ಇಲಿನಾಯ್ ರಾಜ್ಯದ ಸ್ಯಾಂಗಮನ್ ನದಿಯ ದಡದಲ್ಲಿದ್ದ ನ್ಯೂ ಸೇಲಂ ಎಂಬ ಹಳ್ಳಿಗೆ ಬಂದು ಅಂಗಡಿಯೊಂದರಲ್ಲಿ ಗುಮಾಸ್ತನಾದನು.

ಮಾರನೆಯ ವರ್ಷವೇ ಆತನು ರಾಜ್ಯದ ಶಾಸನಸಭೆಯ ಚುನಾವಣೆಗೆ ನಿಂತನು. ಹದಿಮೂರು ಮಂದಿ ಉಮೇದುವಾರರಲ್ಲಿ ಆತನಿಗೆ ದೊರೆತುದು ಎಂಟನೆಯ ಸ್ಥಾನ. ಆದರೆ ಆತನನ್ನು ಹತ್ತಿರದಿಂದ ಬಲ್ಲ ನ್ಯೂ ಸೇಲಂ ಭಾಗದ 300 ಮತದಾರರಲ್ಲಿ 277 ಮಂದಿ ಆತನಿಗೇ ಮತ ನೀಡಿದ್ದರು. ದೂರದವರು ಅರಿಯದಿದ್ದರೂ ನೆರೆಯವರು ಆತನ ಬೆಲೆಯನ್ನು ಅರಿತಿದ್ದರು.

ಅಷ್ಟರಲ್ಲಿ ಆತನು ಗುಮಾಸ್ತನಾಗಿದ್ದ ಅಂಗಡಿ ಮುಚ್ಚಿಹೋಗಿತ್ತು. ಲಿಂಕನ್ನನು ವಿಲಿಯಂ ಬೆರಿ ಎಂಬ ಗೆಳೆಯನೊಡನೆ ಪಾಲುಗಾರನಾಗಿ ತನ್ನದೇ ಅಂಗಡಿಯನ್ನು ತೆರೆದನು. ಕೈಯಲ್ಲಿ ಬಂಡವಾಳವಿರಲಿಲ್ಲ. ಸಾಲಪತ್ರಕ್ಕೆ ಸಹಿ ಹಾಕಿ ಸರಕನ್ನು ಕೊಂಡರು. ಹಳ್ಳಿ ಚಿಕ್ಕದು, ಕೊಳ್ಳುವವರು ಕೆಲವರೇ. ಬರಬೇಕಾದ ಹಣ ಬರಲಿಲ್ಲ, ಕೊಡಬೇಕಾದ ಹಣ ಬೆಳೆಯುತ್ತ ಹೋಯಿತು. ಕೊನೆಗೆ ಎಣ್ಣೆ ತೀರಿದ ದೀಪದಂತೆ ಅಂಗಡಿ ತಾನಾಗಿ ನಂದಿತು.

ಬದುಕಲು ದಾರಿ ಬೇಕಾಗಿತ್ತು. 1833ರಲ್ಲಿ ಲಿಂಕನ್ನನು ಊರಿನ ಅಂಚೆಪಾಲಕನಾಗಿ ನೇಮಕಗೊಂಡನು. ಪತ್ರಗಳನ್ನು ಟೊಪ್ಪಿಗೆಯೊಳಗಿಟ್ಟುಕೊಂಡು ಹೋಗಿ ಮನೆಗಳಿಗೆ ತಲುಪಿಸುತ್ತಿದ್ದನು. ಪುಸ್ತಕಗಳ ನೆರವಿನಿಂದ ಭೂಮಾಪನವನ್ನು ಕಲಿತು, ಹೊಲಗಳ ಎಲ್ಲೆಗಳನ್ನು ಅಳೆಯುವ ಕೆಲಸವನ್ನೂ ಕೈಗೊಂಡನು. ಈ ಎರಡು ಉದ್ಯೋಗಗಳಿಂದ ಆತನಿಗೆ ಹೆಚ್ಚು ಹಣ ಬರಲಿಲ್ಲ; ಆದರೆ ಜಿಲ್ಲೆಯ ಜನರ ಪರಿಚಯವಾಯಿತು. 1834ರ ಚುನಾವಣೆಯಲ್ಲಿ ಆತನು ಗೆದ್ದನು. ಸಭೆಗೆ ತಕ್ಕ ಉಡುಪಿಲ್ಲದೆ, ಮಿತ್ರನೊಬ್ಬನಿಂದ ಸಾಲ ಪಡೆದು ಹೊಸ ಉಡುಪು ಹೊಲಿಸಿಕೊಂಡು ಅಂದಿನ ರಾಜಧಾನಿ ವ್ಯಾಂಡೇಲಿಯಕ್ಕೆ ಹೊರಟನು.

ಮೊದಲ ಅಧಿವೇಶನ ನಡೆಯುತ್ತಿದ್ದಾಗಲೇ, 1835ರ ಜನವರಿಯಲ್ಲಿ, ಬೆರಿ ತೀರಿಕೊಂಡನು. ಆತನು ಬಿಟ್ಟುಹೋದ ಆಸ್ತಿ ಸಾಲಕ್ಕೆ ಸಾಲುವಷ್ಟಿರಲಿಲ್ಲ. ಸುಮಾರು 1,100 ಡಾಲರುಗಳ ಹೊರೆ ಲಿಂಕನ್ನನ ಮೇಲೆ ಬಿದ್ದಿತು. ಆ ಕಾಲದಲ್ಲಿ ಸಾಲಗಾರರು ರಾತ್ರೋರಾತ್ರಿ ಊರು ಬಿಟ್ಟು ಪಶ್ಚಿಮದ ಹೊಸ ಭೂಮಿಗೆ ಹೊರಟುಹೋಗುವುದು ಅಪರೂಪವೇನೂ ಆಗಿರಲಿಲ್ಲ. ಲಿಂಕನ್ನನು ಹಾಗೆ ಮಾಡಲಿಲ್ಲ. ತನ್ನ ಪಾಲನ್ನಷ್ಟೇ ಅಲ್ಲ, ಸತ್ತ ಗೆಳೆಯನ ಪಾಲನ್ನೂ ತೀರಿಸುವುದಾಗಿ ಒಪ್ಪಿಕೊಂಡನು. ಸಾಲ ಕೊಟ್ಟವನೊಬ್ಬನು ನ್ಯಾಯಾಲಯಕ್ಕೆ ಹೋದಾಗ ಆತನ ಕುದುರೆಯೂ ಭೂಮಾಪನದ ಉಪಕರಣಗಳೂ ಹರಾಜಿಗೆ ಬಂದುವು. ಜೇಮ್ಸ್ ಷಾರ್ಟ್ ಎಂಬ ನೆರೆಯ ರೈತನು ಅವನ್ನು ಕೊಂಡು ಆತನಿಗೇ ಹಿಂದಿರುಗಿಸಿದನು. ಸಾಲ ತೀರಲು ಹಲವು ವರ್ಷಗಳೇ ಹಿಡಿದುವು. ಲಿಂಕನ್ನನು ಅದನ್ನು ತನ್ನ ‘ರಾಷ್ಟ್ರೀಯ ಸಾಲ’ವೆಂದು ಹಾಸ್ಯ ಮಾಡುತ್ತಿದ್ದನು.

1836, 1838 ಮತ್ತು 1840ರ ಚುನಾವಣೆಗಳಲ್ಲಿಯೂ ಜನರು ಆತನನ್ನೇ ಆರಿಸಿದರು. ಈ ನಡುವೆ ಸಹಶಾಸಕನಾದ ಜಾನ್ ಸ್ಟೂಅರ್ಟನು ಕೊಟ್ಟ ಗ್ರಂಥಗಳನ್ನು ಓದಿ ಆತನು ವಕೀಲನಾದನು. ರಾಜಧಾನಿಯನ್ನು ಸ್ಪ್ರಿಂಗ್‌ಫೀಲ್ಡಿಗೆ ಬದಲಾಯಿಸುವ 1837ರ ತೀರ್ಮಾನದಲ್ಲಿ ಆತನ ಪಾತ್ರ ಹಿರಿದಾಗಿತ್ತು. ಆದರೆ ಆತನ ಎಲ್ಲ ಎಣಿಕೆಗಳೂ ಫಲಿಸಿದುವೆಂದು ಹೇಳಲಾಗದು. ಸಾಲದ ಹಣದಿಂದ ರೈಲುಮಾರ್ಗ, ಕಾಲುವೆಗಳನ್ನು ನಿರ್ಮಿಸುವ ಭಾರಿ ಯೋಜನೆಯನ್ನು ಆತನು ಬೆಂಬಲಿಸಿದನು. ಅದೇ ವರ್ಷ ದೇಶದಲ್ಲಿ ಆರ್ಥಿಕ ಮುಗ್ಗಟ್ಟು ತಲೆದೋರಿತು. ಕಾಮಗಾರಿಗಳು ಅರ್ಧಕ್ಕೆ ನಿಂತು, ರಾಜ್ಯವು ಸಾಲದಲ್ಲಿ ಮುಳುಗಿತು.

ಆದರೆ 1837ರ ಇನ್ನೊಂದು ಘಟನೆ ಆತನ ನಿಜವಾದ ಸತ್ತ್ವವನ್ನು ತೋರಿಸುತ್ತದೆ. ಗುಲಾಮಗಿರಿಯನ್ನು ತೊಡೆಯಬೇಕೆಂದು ಪ್ರಚಾರ ಮಾಡುತ್ತಿದ್ದ ಸಂಘಗಳನ್ನು ಖಂಡಿಸಿ, ಗುಲಾಮರ ಮೇಲೆ ಒಡೆಯರಿಗಿದ್ದ ಹಕ್ಕನ್ನು ಎತ್ತಿಹಿಡಿಯುವ ನಿರ್ಣಯಗಳು ಸಭೆಯ ಮುಂದೆ ಬಂದುವು. ಪರವಾಗಿ 77 ಮತಗಳು, ವಿರುದ್ಧವಾಗಿ ಕೇವಲ 6. ಆ ಆರು ಮಂದಿಯಲ್ಲಿ ಲಿಂಕನ್ನನೂ ಒಬ್ಬ. ಅಷ್ಟಕ್ಕೇ ಸುಮ್ಮನಿರದೆ, ಮಾರ್ಚ್ 3ರಂದು ಆತನು ಡ್ಯಾನ್ ಸ್ಟೋನ್ ಎಂಬ ಸದಸ್ಯನೊಡನೆ ಸಹಿ ಮಾಡಿದ ಭಿನ್ನಮತದ ಹೇಳಿಕೆಯನ್ನು ಸಭೆಯ ದಾಖಲೆಗೆ ಸೇರಿಸಿದನು. ಗುಲಾಮಗಿರಿಯು ಅನ್ಯಾಯದ ಮೇಲೂ ಕೆಟ್ಟ ನೀತಿಯ ಮೇಲೂ ನಿಂತ ವ್ಯವಸ್ಥೆಯೆಂದು ಅದು ಸಾರಿತು. ನಿರ್ಮೂಲನವಾದಿಗಳ ಪ್ರಚಾರದಿಂದ ಕೇಡು ಹೆಚ್ಚುವುದೆಂದೂ, ರಾಜ್ಯಗಳೊಳಗಿನ ಗುಲಾಮಗಿರಿಯಲ್ಲಿ ಕೈಹಾಕುವ ಅಧಿಕಾರ ಕೇಂದ್ರ ಶಾಸನಸಭೆಗೆ ಇಲ್ಲವೆಂದೂ ಅದರಲ್ಲಿ ಹೇಳಿತ್ತು. ಇಂದಿನ ಕಣ್ಣಿಗೆ ಅದು ಅಳುಕಿನ ಮಾತೆನಿಸಬಹುದು. ಆದರೂ ಅಂದಿನ ಸಭೆಯಲ್ಲಿ, ಇಪ್ಪತ್ತೆಂಟು ವರ್ಷದ ಸಾಲಗಾರ ಯುವಕನೊಬ್ಬನು ಬಹುಮತಕ್ಕೆ ಎದುರಾಗಿ ತನ್ನ ಹೆಸರನ್ನು ಬರೆದುದು ಸಣ್ಣ ಕಾರ್ಯವಲ್ಲ.

ಇಪ್ಪತ್ತಾರು ವರ್ಷಗಳ ಅನಂತರ, 1863ರ ಜನವರಿ 1ರಂದು, ಅಧ್ಯಕ್ಷ ಲಿಂಕನ್ನನು ದಂಗೆಯೆದ್ದಿದ್ದ ರಾಜ್ಯಗಳ ಗುಲಾಮರು ಸ್ವತಂತ್ರರೆಂದು ಸಾರುವ ಘೋಷಣೆಗೆ ಸಹಿ ಹಾಕಿದನು. 1865ರ ಏಪ್ರಿಲ್ 14ರಂದು ಹಂತಕನ ಗುಂಡಿಗೆ ಗುರಿಯಾಗಿ ಮರುದಿನ ಪ್ರಾಣ ಬಿಟ್ಟನು. ಅದೇ ವರ್ಷದ ಡಿಸೆಂಬರಿನಲ್ಲಿ ಸಂವಿಧಾನದ ಹದಿಮೂರನೆಯ ತಿದ್ದುಪಡಿ ಜಾರಿಗೆ ಬಂದು ಗುಲಾಮಗಿರಿಯು ದೇಶದಲ್ಲೆಲ್ಲ ನಿಷಿದ್ಧವಾಯಿತು.

ವ್ಯಾಪಾರದಲ್ಲಿ ಲಿಂಕನ್ನನು ಸೋತನು. ಶಾಸಕನಾಗಿಯೂ ಕೆಲವೆಡೆ ಎಡವಿದನು. ಆದರೆ ಸಾಲಪತ್ರವಾಗಲಿ, ಸಭೆಯ ದಾಖಲೆಯಾಗಲಿ, ತಾನು ಸಹಿ ಹಾಕಿದ ಮಾತಿಗೆ ತಾನೇ ಹೊಣೆಯೆಂಬುದನ್ನು ಆತನು ಮರೆಯಲಿಲ್ಲ. ಜನಪ್ರತಿನಿಧಿಯಲ್ಲಿ ಜನರು ಇಡುವ ವಿಶ್ವಾಸಕ್ಕೆ ಇದಕ್ಕಿಂತ ಗಟ್ಟಿಯಾದ ಆಧಾರ ಬೇರೊಂದಿಲ್ಲ.