ಮನೆ ಸಾಲ: ಹಪ್ತೆ ಒಂದೇ ಕೇಳಬ್ಯಾಡ್ರಿ

ನಮ್ಮ ಅಕ್ಕಲಕೋಟ ಕಡೆ ಮನೆ ಸಾಲ ಅಂದರೆ ಎಲ್ಲರೂ ಕೇಳುವುದು ಒಂದೇ ಮಾತು: "ತಿಂಗಳಿಗೆ ಹಪ್ತೆ ಎಷ್ಟು?" ಇನ್ನೊಂದನ್ನೂ ಕೇಳಿರಿ: "ಸಾಲ ತೀರೂತನಾ ಒಟ್ಟು ಎಷ್ಟು ಕಟ್ಟಬೇಕು?"

10 ಲಕ್ಷ ರೂಪಾಯಿ ಸಾಲ, ಶೇಕಡಾ 9 ಬಡ್ಡಿ, 20 ವರ್ಷದ ಅವಧಿ ಎಂದು ತಿಳಿಯಿರಿ. ಹಪ್ತೆ 8,997 ರೂಪಾಯಿ. ಮೊದಲ ಹಪ್ತೆಯಲ್ಲಿ 7,500 ಬಡ್ಡಿಗೇ ಹೋಗುತ್ತದೆ. ಅಸಲಿಗೆ ಸೇರುವುದು 1,497 ಮಾತ್ರ. ಐದು ವರ್ಷ ತಪ್ಪದೆ ಸುಮಾರು 5 ಲಕ್ಷ 40 ಸಾವಿರ ಕಟ್ಟಿದ ಮೇಲೂ 8 ಲಕ್ಷ 87 ಸಾವಿರ ಅಸಲು ಬಾಕಿ! (ನಂಬಿಕೆ ಬರದೆ ನಾನೂ ಎರಡು ಸಲ ಲೆಕ್ಕ ಹಾಕಿ ನೋಡೀನಿ.) ಬಡ್ಡಿ ದರ ಬದಲಾಗದಿದ್ದರೆ ಕೊನೆಗೆ ಒಟ್ಟು 21 ಲಕ್ಷ 59 ಸಾವಿರ ಕಟ್ಟಿರುತ್ತೀರಿ.

ಇದೇ ಸಾಲ 15 ವರ್ಷಕ್ಕೆ ತಗೊಂಡರೆ ಹಪ್ತೆ 10,143. ತಿಂಗಳಿಗೆ 1,146 ಹೆಚ್ಚು. ಆದರೆ ಒಟ್ಟಿನಲ್ಲಿ ಉಳಿಯುವುದು 3 ಲಕ್ಷ 33 ಸಾವಿರ.

ಕಾಗದ ಮರಾಠಿಯಲ್ಲಿದೆ, ಇಂಗ್ಲಿಷಿನಲ್ಲಿದೆ ಅಂತ ಸುಮ್ಮನೆ ಹೆಬ್ಬೆಟ್ಟು ಒತ್ತಬೇಡಿರಿ. ಬಡ್ಡಿ, ಶುಲ್ಕ, ಹಪ್ತೆಗಳ ಪಟ್ಟಿ ಇರುವ 'ಕೀ ಫ್ಯಾಕ್ಟ್ಸ್ ಸ್ಟೇಟ್‌ಮೆಂಟ್' ಎಂಬ ಕಾಗದವನ್ನು ಸಾಲಗಾರರಿಗೆ ತಿಳಿಯುವ ಭಾಷೆಯಲ್ಲೇ ಕೊಡಬೇಕೆಂಬ ರಿಸರ್ವ್ ಬ್ಯಾಂಕಿನ ನಿಯಮ 2024ರ ಅಕ್ಟೋಬರ್ 1ರಿಂದ ಹೊಸ ಸಾಲಗಳಿಗೆ ಜಾರಿಯಲ್ಲಿದೆ. "ನನಗ ಕನ್ನಡದಾಗ ಕೊಡ್ರಿ" ಎಂದು ಕೇಳಿರಿ. ಸಹಿ ಆಮೇಲೆ.