ಲಾವಣಿಯ ಅವಧಿ ತೀರಿದ ಮೇಲೆ

ಪಾಠಭಾಗ: ಯಾಜಕಕಾಂಡ 25:23–28, 1 ಅರಸುಗಳು 21:1–16, ಮತ್ತಾಯ 21:33–41



ಹೊಲವು ಒಬ್ಬನದು, ಬೆವರು ಮತ್ತೊಬ್ಬನದು ಆಗಿರುವಲ್ಲಿ ಅವಧಿ ಮುಗಿದ ದಿವಸವೇ ಜಗಳ ಹುಟ್ಟುವದುಂಟು. ಒಡೆಯನು, “ಬರೆದ ವರುಷಗಳು ತೀರಿದವು, ಹೊಲ ಬಿಡು” ಅನ್ನುವನು. ಉತ್ತವನು, “ಕರಿಕೆ ಕಿತ್ತು ಒಡ್ಡು ಹಾಕಿದವನು ನಾನು, ಎಲ್ಲಿಗೆ ಹೋಗಲಿ?” ಅನ್ನುವನು. ಇಬ್ಬರ ಮಾತಿನಲ್ಲಿಯೂ ಸತ್ಯವುಂಟು. ಹಾಗಾದರೆ ಕ್ರೈಸ್ತನು ಏನು ಮಾಡತಕ್ಕದ್ದು?

1. ವೇದದ ಬೋಧನೆ

ಭೂಮಿಯು ತನ್ನದೆಂದೂ ಇಸ್ರಾಯೇಲ್ಯರು ಅದರಲ್ಲಿ ಪರದೇಶಸ್ಥರಂತೆ ವಾಸಿಸುವವರೆಂದೂ ದೇವರು ಮೋಶೆಯ ಮೂಲಕ ತಿಳಿಸಿದನು. ಆದಕಾರಣ ದೇವರ ಮುಂದೆ ಒಡೆಯನೂ ಅವಧಿಯುಳ್ಳ ಒಕ್ಕಲೇ. ನಾಬೋತನ ತೋಟವನ್ನು ಕಸಕೊಂಡಾಗ ಪತ್ರ, ಮುದ್ರೆ, ಹಿರಿಯರ ಸಭೆ, ಇಬ್ಬರು ಸಾಕ್ಷಿಗಳು ಎಲ್ಲವೂ ಇದ್ದವು, ನ್ಯಾಯವೊಂದೇ ಇರಲಿಲ್ಲ. ಇತ್ತ ದ್ರಾಕ್ಷೇತೋಟದ ಸಾಮ್ಯದಲ್ಲಿ ಕರ್ತನು, ಒಡೆಯನ ಪಾಲನ್ನು ಕೊಡದೆ ಅವನ ಆಳುಗಳನ್ನು ಹೊಡೆದ ತೋಟಗಾರರನ್ನು ಖಂಡಿಸಿದನು. ಬಡವನಾದ ಮಾತ್ರಕ್ಕೆ ಯಾವನೂ ನೀತಿವಂತನಲ್ಲ.

2. ನಮ್ಮ ಸೀಮೆಯ ಕಾಯಿದೆ

ಧಾರವಾಡವು ಮುಂಬಯಿ ಇಲಾಖೆಯಲ್ಲಿದ್ದಾಗ, 1879ರ ಭೂಕಂದಾಯ ಸಂಹಿತೆಯ ಪ್ರಕಾರ ವಾರ್ಷಿಕ ಲಾವಣಿಯನ್ನು ಮುಗಿಸಲಿಕ್ಕೆ ವರುಷ ತೀರುವ ಮೂರು ತಿಂಗಳ ಮುಂಚೆ ಬರಹದ ನೋಟೀಸು ಕೊಟ್ಟರೆ ಸಾಕಾಗಿತ್ತು. 1939ರ ಮುಂಬಯಿ ಗೇಣಿ ಕಾಯಿದೆಯು 1941ರಲ್ಲಿ ಮೊದಲು ಜಾರಿಗೆ ಬಂದ ಜಿಲ್ಲೆಗಳಲ್ಲಿ ಧಾರವಾಡವೂ ಒಂದು. ಅದು ಬಹುಕಾಲ ಸಾಗುವಳಿ ಮಾಡಿದವರಿಗೆ ರಕ್ಷಣೆ ಕೊಟ್ಟಿತು. 1948ರ ಕಾಯಿದೆಯು ಮುಂದರಿದು, ಮಾಮಲೇದಾರನ ಹುಕುಮಿಲ್ಲದೆ ಒಡೆಯನು ಗೇಣಿಯ ಹೊಲವನ್ನು ವಶಮಾಡಿಕೊಳ್ಳಕೂಡದೆಂದು ವಿಧಿಸಿತು.

1956ರಲ್ಲಿ ಧಾರವಾಡವು ಮೈಸೂರು ರಾಜ್ಯಕ್ಕೆ ಸೇರಿತು. 1961ರ ಭೂಸುಧಾರಣೆ ಕಾಯಿದೆಗೆ ದೇವರಾಜ ಅರಸರ ಕಾಲದಲ್ಲಿ ಆದ ತಿದ್ದುಪಡಿಯಿಂದ, 1974ರ ಮಾರ್ಚ್ 1ರಂದು ಗೇಣಿಯ ಜಮೀನುಗಳು ಸರಕಾರಕ್ಕೆ ಸೇರಿದವು. ಉಳುವವನು 7ನೆಯ ನಮೂನೆಯಲ್ಲಿ ಅರ್ಜಿ ಕೊಟ್ಟು ಭೂನ್ಯಾಯಮಂಡಳಿಯ ಮುಂದೆ ತನ್ನ ಸಾಗುವಳಿಯನ್ನು ರುಜುಪಡಿಸಿದರೆ ಹೊಲವು ಅವನದಾಯಿತು. ಅರ್ಜಿಯ ಕಡೇ ದಿನ 1979ರ ಜೂನ್ 30. ಸೈನಿಕರೇ ಮೊದಲಾದ ಕೆಲವರ ಹೊರತು ಹೊಸದಾಗಿ ಹೊಲವನ್ನು ಗೇಣಿಗೆ ಕೊಡುವದನ್ನೂ ಆ ತಿದ್ದುಪಡಿಯು ನಿಷೇಧಿಸಿತು. ಆದರೂ ಊರುಗಳಲ್ಲಿ ಬಾಯಿಮಾತಿನ ಲಾವಣಿಯು ನಿಂತಿಲ್ಲ. ಅಂಥವನ ಹೆಸರು ಉತಾರದಲ್ಲಿ ಇರುವದಿಲ್ಲ, ಕೈಯಲ್ಲಿ ಪತ್ರವಿಲ್ಲ. ಒಡೆಯನ ಮಾತು ತಪ್ಪಿದರೆ ಅವನಿಗೆ ಆಧಾರವೂ ಇಲ್ಲ.

ಮನೆ ಅಂಗಡಿಗಳ ವಿಷಯ ಬೇರೆ. 1882ರ ಸ್ವತ್ತು ವರ್ಗಾವಣೆ ಕಾಯಿದೆಯಂತೆ, ಪತ್ರದ ಅವಧಿ ತೀರಿದೊಡನೆ ಬಾಡಿಗೆಯ ಹಕ್ಕು ತೀರುವದು. ತಿಂಗಳ ಬಾಡಿಗೆಯಾದರೆ 15 ದಿನದ ನೋಟೀಸು ಬೇಕು. ಅವಧಿ ತೀರಿದ ಬಳಿಕವೂ ಒಡೆಯನು ಬಾಡಿಗೆಯನ್ನು ತೆಗೆದುಕೊಂಡರೆ, ಬೇರೆ ಕರಾರಿಲ್ಲದಿರುವಲ್ಲಿ, ಅದು ಮುಂದುವರಿದಂತೆ ಎಣಿಸಲ್ಪಡುವದು. ಆದರೆ ಅವಧಿ ತೀರಿತೆಂದು ಬೀಗ ಒಡೆದು ಸಾಮಾನು ಎಸೆಯುವ ಅಧಿಕಾರ ಯಾರಿಗೂ ಇಲ್ಲ. ಹಾಗೆ ಹೊರಹಾಕಲ್ಪಟ್ಟವನು 1963ರ ನಿರ್ದಿಷ್ಟ ಪರಿಹಾರ ಕಾಯಿದೆಯ ಪ್ರಕಾರ ಆರು ತಿಂಗಳೊಳಗೆ ದಾವೆ ಹೂಡಬಹುದು.

3. ನಮ್ಮ ನಡತೆ

ಒಡೆಯನಾದವನೇ, ಬಿಡಿಸಬೇಕಾದರೆ ಮುಂಚಿತವಾಗಿ ಬರೆದು ತಿಳಿಸು. ಹಿಂಗಾರಿ ಜೋಳವು ಹೊಲದಲ್ಲಿ ನಿಂತಿರುವಾಗ ದನ ನುಗ್ಗಿಸಬೇಡ. ನಿನ್ನ ಹಕ್ಕು ಸತ್ಯವಾದರೆ ನ್ಯಾಯಸ್ಥಾನವು ಅದನ್ನು ಕೊಡುವದು.

ಒಕ್ಕಲಾದವನೇ, ಪಾಲನ್ನಾಗಲಿ ಬಾಡಿಗೆಯನ್ನಾಗಲಿ ಕೊಟ್ಟಾಗ ರಸೀತಿ ಕೇಳು. ಓದಿಸಿ ಕೇಳದೆ ಯಾವ ಕಾಗದಕ್ಕೂ ಹೆಬ್ಬೆಟ್ಟು ಒತ್ತಬೇಡ. ನೋಟೀಸು ಬಂದರೆ ಅದನ್ನು ಹರಿಯದೆ ವಕೀಲನಿಗೆ ತೋರಿಸು. ತಾಲೂಕಿನ ಕಾನೂನು ಸೇವಾ ಸಮಿತಿಯು ಬಡವರಿಗೆ ಧರ್ಮಾರ್ಥವಾಗಿ ಸಹಾಯ ಮಾಡುವದು. ಆದರೆ ನ್ಯಾಯವಾಗಿ ಅವಧಿ ತೀರಿ ತೀರ್ಪೂ ಆದ ಮೇಲೆ, ಕೊಟ್ಟ ಮಾತಿನಂತೆ ಬಿಟ್ಟುಕೊಡು.

ಸಭೆಯ ಹಿರಿಯರೇ, ಸಹೋದರರ ವ್ಯಾಜ್ಯವನ್ನು ಮೊದಲು ಸಭೆಯಲ್ಲಿ ತೀರಿಸಬೇಕೆಂದು ಪೌಲನು ಕೊರಿಂಥದವರಿಗೆ ಬುದ್ಧಿ ಹೇಳಿದನು. ಆದರೆ ಬಲಹೀನನನ್ನು ಸುಮ್ಮನಿರಿಸಿ ಬಲವಂತನಿಗೆ ಹೊಲ ಕೊಡಿಸುವದು ಸಮಾಧಾನವಲ್ಲ. ಅದು ಇಜ್ರೇಲಿನ ಹಿರಿಯರು ಮಾಡಿದ ಕೆಲಸ.

ಯೋಚಿಸತಕ್ಕ ಪ್ರಶ್ನೆಗಳು

1. ನಾಬೋತನ ವಿಚಾರಣೆಯಲ್ಲಿ ಇದ್ದದ್ದೇನು, ಇಲ್ಲದ್ದೇನು?
2. ನಮ್ಮ ಸಭೆಯಲ್ಲಿ ಬಾಯಿಮಾತಿನ ಮೇಲೆ ಹೊಲ ಮಾಡುವವರು ಯಾರು? ಅವರ ಕುಟುಂಬಕ್ಕೆ ಆಧಾರವೇನು?
3. ದೇವರು ನಮಗೆ ಕೊಟ್ಟ ಅವಧಿ ತೀರಿದಾಗ ಆತನಿಗೆ ಯಾವ ಲೆಕ್ಕ ಒಪ್ಪಿಸುವೆವು?